ನೋಟಿಸ್ ಕೊಡಿ ಸಾರ್, ಬರ್ತೀನಿ

ಪೊಲೀಸ್ ಕಿರುಕುಳ ಅಂದ ತಕ್ಷಣ ಜನ ಕೇಳುವ ಮೊದಲ ಪ್ರಶ್ನೆ ‘ಹೊಡೆದ್ರಾ?’ ಅಂತ. ನನಗೆ ಒಂದೇಟೂ ಬೀಳಲಿಲ್ಲ. ಕೂರಿಸಿದರು, ಅಷ್ಟೇ. ಬೆಳಿಗ್ಗೆ ಕರೆಯುವುದು, ರಾತ್ರಿವರೆಗೂ ಬೆಂಚಿನ ಮೇಲೆ ಕೂರಿಸುವುದು, ಕೊನೆಗೆ ‘ನಾಳೆ ಬಾ’ ಅಂತ ಕಳಿಸುವುದು. ಒಂದು ಸಾಲು ಬರಹ ಇಲ್ಲ, ಒಂದು ನಂಬರ್ ಇಲ್ಲ. ಇಂಥದ್ದಕ್ಕೆ ಕಾನೂನಿನಲ್ಲಿ ದಾರಿ ಇದೆಯಾ ಅಂತ ಹುಡುಕಿಕೊಂಡು ಹೋದವನ ಅನುಭವ ಇದು.

ನಮ್ಮದು ಬೆಂಗಳೂರಿಗೆ ಬಸ್ಸಲ್ಲಿ ಮೂರು ಗಂಟೆ ದೂರದ ತಾಲ್ಲೂಕು ಕೇಂದ್ರ. ತಾಲ್ಲೂಕು ಆಫೀಸಿನ ಎದುರು ನನ್ನ ಜೆರಾಕ್ಸ್, ಡಿಟಿಪಿ ಅಂಗಡಿ. ಪಹಣಿ, ಜಾತಿ ಆದಾಯ ಪ್ರಮಾಣಪತ್ರ, ಸೇವಾಸಿಂಧು, ಪರೀಕ್ಷೆ ಫಾರಂ, ಇಂಥವೇ ವ್ಯಾಪಾರ. ಮಳಿಗೆ ಬಾಡಿಗೆಯದು. ಹಳೇ ಯಜಮಾನರು ಇರುವವರೆಗೂ ತಕರಾರಿರಲಿಲ್ಲ. ಅವರು ತೀರಿಕೊಂಡ ಮೇಲೆ ಮಗ ಬಂದರು. ಪಕ್ಕದ ಮಳಿಗೆಯ ಗೋಡೆ ಒಡೆದು ಎರಡನ್ನೂ ಸೇರಿಸಿ ಮೊಬೈಲ್ ಷೋರೂಮಿನವರಿಗೆ ಕೊಡುವ ಲೆಕ್ಕಾಚಾರ ಅವರದು. ‘ತಿಂಗಳೊಳಗೆ ಖಾಲಿ ಮಾಡಿ’ ಅಂದರು. ಅಡ್ವಾನ್ಸ್ ವಾಪಸ್ ಕೊಡಿ, ಬೇರೆ ಜಾಗ ಸಿಗುವವರೆಗೆ ಟೈಮ್ ಕೊಡಿ ಅಂದೆ. ಹನ್ನೊಂದು ತಿಂಗಳ ಕರಾರು ಯಾವತ್ತೋ ಮುಗಿದಿತ್ತು, ಅದು ನಿಜ. ಆದರೆ ಬಾಡಿಗೆ ತಿಂಗಳು ತಿಂಗಳು ಅವರ ಖಾತೆಗೇ ಹೋಗುತ್ತಿತ್ತು. ಇಂಥ ಬಾಡಿಗೆದಾರನನ್ನು ಬಿಡಿಸಬೇಕಾದರೂ ನೋಟಿಸ್ ಕೊಟ್ಟು ಸಿವಿಲ್ ಕೋರ್ಟಿಗೇ ಹೋಗಬೇಕು. ಅಲ್ಲಿ ವರ್ಷಗಟ್ಟಲೆ ಹಿಡಿಯುತ್ತದೆ ಅನ್ನೋದು ಎಲ್ಲ ಮಾಲೀಕರಿಗೂ ಗೊತ್ತು. ಠಾಣೆ ಹತ್ತಿರದ ದಾರಿ.

2024ರ ಡಿಸೆಂಬರಿನಲ್ಲಿ ಮೊದಲ ಫೋನ್ ಬಂತು. ‘ನಿನ್ ಮೇಲೆ ಪಿಟಿಷನ್ ಬಂದಿದೆ ಕಣಯ್ಯಾ, ಸಾಹೇಬ್ರು ಕರೀತಿದಾರೆ, ಬಾ.’ ಹೋದೆ. ನಮ್ಮ ಕಡೆ ಠಾಣೆಯಿಂದ ಕರೆ ಬಂದರೆ ಷಟರ್ ಎಳೆದು ಓಡುವುದೇ ರೂಢಿ. ಮಾಲೀಕರಿಗೆ ನಾನು ಜೀವ ಬೆದರಿಕೆ ಹಾಕಿದೆ ಅಂತ ಅರ್ಜಿ ಕೊಟ್ಟಿದ್ದರಂತೆ. ಅರ್ಜಿ ತೋರಿಸಿ ಅಂದೆ. ‘ನಿನಗ್ಯಾಕೆ ಅದು’ ಅಂದರು. ಫೋನ್ ಇಸಿದುಕೊಂಡು ರೈಟರ್, ಅಂದರೆ ಠಾಣೆಯ ಬರಹದ ಕೆಲಸ ನೋಡಿಕೊಳ್ಳುವ ಪೊಲೀಸಿನವರ, ಟೇಬಲ್ಲಿನ ಡ್ರಾಯರಿಗೆ ಹಾಕಿದರು.

ಆ ಬೆಂಚಿನ ಬಗ್ಗೆ ಸ್ವಲ್ಪ ಹೇಳಲೇಬೇಕು. ರೈಟರ್ ಟೇಬಲ್ಲಿಗೆ ಎದುರಾಗಿ, ಗೋಡೆಗೆ ಒತ್ತಿದಂತೆ ಹಾಕಿದ ಮರದ ಬೆಂಚು. ಪಕ್ಕದಲ್ಲಿ ವೈರ್‌ಲೆಸ್ ಸೆಟ್ಟು ದಿನವಿಡೀ ಗೊರಗುಡುತ್ತಿರುತ್ತದೆ. ಬಂದವರೆಲ್ಲ ನಮ್ಮನ್ನು ನೋಡಿಯೇ ಒಳಗೆ ಹೋಗಬೇಕು. ಅಂಗಡಿಗೆ ಬರುವ ಗಿರಾಕಿಗಳು, ಮಗನ ಸ್ಕೂಲಿನ ಮೇಷ್ಟ್ರು, ಎಲ್ಲರೂ ಒಂದಲ್ಲ ಒಂದು ಕೆಲಸಕ್ಕೆ ಅಲ್ಲಿಗೆ ಬರುವವರೇ. ಯಾರೂ ಏನೂ ಕೇಳುವುದಿಲ್ಲ. ನೋಡಿ ಹೋಗುತ್ತಾರೆ. ಸಂಜೆ ಹೊತ್ತಿಗೆ ಊರಿಗೆಲ್ಲ ಗೊತ್ತಾಗಿರುತ್ತದೆ.

ಎದುರು ಗೋಡೆಯ ಮೇಲೆ ಬಂಧಿತರ ಹಕ್ಕುಗಳ ಬೋರ್ಡು. ಅರ್ಧ ಬೀರುವಿನ ಹಿಂದೆ ಮರೆಯಾಗಿತ್ತು. ಕೂತು ಕೂತು ಕಾಣುವಷ್ಟನ್ನು ಬಾಯಿಪಾಠ ಮಾಡಿಬಿಟ್ಟಿದ್ದೆ. 1996ರಲ್ಲಿ ಡಿ.ಕೆ. ಬಸು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ಸೂಚನೆಗಳು ಅವು ಅಂತ ಆಮೇಲೆ ತಿಳಿಯಿತು. ಬಂಧಿಸಿದರೆ ಮೆಮೊ ಬರೆಯಬೇಕು, ಮನೆಯವರಿಗೆ ತಿಳಿಸಬೇಕು, ವೈದ್ಯಕೀಯ ಪರೀಕ್ಷೆ ಆಗಬೇಕು, ವಕೀಲರನ್ನು ಕಾಣಲು ಬಿಡಬೇಕು. ಎಲ್ಲ ಸರಿ. ಆದರೆ ನಾನು ಬಂಧಿತನಲ್ಲವಲ್ಲ! ಹಾಗಾದರೆ ಎದ್ದು ಹೋಗಬಹುದಾ? ‘ಹೊರಡಲಾ ಸಾರ್?’ ಅಂತ ಒಮ್ಮೆ ಕೇಳಿಯೂ ಬಿಟ್ಟೆ. ‘ಕೂತ್ಕೊಳೋ, ಸಾಹೇಬ್ರು ಬರ್ಲಿ.’ ಸಾಹೇಬರು ಬಂದೋಬಸ್ತಿಗೆ ಹೋಗಿದ್ದವರು ರಾತ್ರಿ ಬಂದರು. ನನ್ನ ಕಡೆ ನೋಡಲೂ ಇಲ್ಲ. ‘ನಾಳೆ ಬಾ.’

ಬಂಧನವೂ ಅಲ್ಲ, ಬಿಡುಗಡೆಯೂ ಅಲ್ಲದ ಈ ಸ್ಥಿತಿಯಲ್ಲೇ ಇಂಥ ಕಿರುಕುಳ ನಡೆಯುವುದು. ಬಂಧಿಸಿದರೆ 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟ್ ಮುಂದೆ ಹಾಜರು ಮಾಡಬೇಕು, ಸಂವಿಧಾನದ 22ನೇ ವಿಧಿಯೇ ಹಾಗೆ ಹೇಳುತ್ತದೆ. ಬಂಧಿಸದೆ ಸುಮ್ನೆ ಕೂರಿಸಿದರೆ ಯಾವ ಪುಸ್ತಕದಲ್ಲೂ ಬರೆಯಬೇಕಿಲ್ಲ. ಕೇಳಿದರೆ ‘ಅವನೇ ಬಂದಿದ್ದ’ ಅನ್ನಬಹುದು.

ಹೀಗೆ ಹಲವು ಸಲ ಆಯಿತು. ಫೋನ್ ಒಮ್ಮೆ ಇಟ್ಟುಕೊಂಡವರು ವಾಪಸ್ ಕೊಡಲಿಲ್ಲ. ನನ್ನ ಕೆಲಸ ನಡೆಯುವುದೇ ಓಟಿಪಿ ಮೇಲೆ. ಫೋನ್ ಇಲ್ಲ ಅಂದರೆ ಅಂಗಡಿ ತೆಗೆದರೂ ಮುಚ್ಚಿದ ಲೆಕ್ಕ. ಒಂದು ಸಂಜೆ ಎಸ್‌ಐ ಒಳಗೆ ಕರೆದರು. ಬಿಳಿ ಹಾಳೆ ಮುಂದಿಟ್ಟು ‘ಹದಿನೈದು ದಿನದಲ್ಲಿ ಮಳಿಗೆ ಖಾಲಿ ಮಾಡ್ತೀನಿ ಅಂತ ಮುಚ್ಚಳಿಕೆ ಬರ್ಕೊಡು, ಫೋನ್ ತಗೊಂಡು ಹೋಗು’ ಅಂದರು. ‘ಮನೇಲಿ ಕೇಳಿ ಹೇಳ್ತೀನಿ ಸಾರ್’ ಅಂದೆ. ಅದಕ್ಕೆ ಅವರು ಕೊಟ್ಟ ಉತ್ತರದಲ್ಲಿ ಇಲ್ಲಿ ಬರೆಯುವಂಥ ಪದಗಳು ಕಡಿಮೆ. ಮಾರನೇ ದಿನ ನನ್ನ ಬದಲು ನಮ್ಮಪ್ಪನಿಗೆ ಬುಲಾವ್ ಬಂತು. ಅಪ್ಪನಿಗೆ 71 ವರ್ಷ, ಮಂಡಿ ನೋವು. ಅವರನ್ನೂ ಅದೇ ಬೆಂಚಿನ ಮೇಲೆ ಮಧ್ಯಾಹ್ನದವರೆಗೆ ಕೂರಿಸಿದರು. ನನಗೆ ಸಿಟ್ಟು ಬಂದದ್ದು ಅವತ್ತು.

ನಮ್ಮ ಅಂಗಡಿಗೆ ವಕಾಲತ್ತು, ದಾವೆ ಪ್ರತಿ ಜೆರಾಕ್ಸ್ ಮಾಡಿಸಲು ಬರುವ ವಕೀಲರೊಬ್ಬರಿದ್ದಾರೆ. ಎಲ್ಲರೂ ಮೇಡಂ ಅಂತಲೇ ಕರೆಯುವುದು. ರಾತ್ರಿಯೇ ಅವರ ಮನೆಗೆ ಹೋದೆ. ಕಥೆ ಅರ್ಧ ಕೇಳಿದವರೇ ಒಂದು ಪ್ರಶ್ನೆ ಕೇಳಿದರು. ‘ಎಫ್‌ಐಆರ್ ಆಗಿದೆಯಾ?’ ಗೊತ್ತಿಲ್ಲ ಅಂದೆ. ಅಲ್ಲೇ ಲ್ಯಾಪ್‌ಟಾಪ್ ತೆಗೆದು ರಾಜ್ಯ ಪೊಲೀಸ್ ವೆಬ್‌ಸೈಟಿನಲ್ಲಿ ಠಾಣೆವಾರು ಹುಡುಕಿದರು. ಸೂಕ್ಷ್ಮ ಪ್ರಕರಣ ಬಿಟ್ಟು ಉಳಿದ ಎಫ್‌ಐಆರ್‌ಗಳನ್ನು ದಾಖಲಾದ 24 ಗಂಟೆಯೊಳಗೆ ವೆಬ್‌ಸೈಟಿಗೆ ಹಾಕಬೇಕು ಅಂತ 2016ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆಯಂತೆ. ನನ್ನ ಹೆಸರಿನ ಮೇಲೆ ಏನೂ ಇರಲಿಲ್ಲ. ‘ಹಾಗಾದ್ರೆ ತನಿಖೆಯೇ ಇಲ್ಲ. ತನಿಖೆ ಇಲ್ಲ ಅಂದ್ಮೇಲೆ ಬಾ ಅನ್ನೋಕೆ ಇವರ್ಯಾರು?’

ಆಮೇಲೆ ಅವರು ಹೇಳಿದ್ದನ್ನು ನನಗೆ ಅರ್ಥವಾದ ಹಾಗೆ ಬರೆಯುತ್ತೇನೆ. 2024ರ ಜುಲೈ 1ರಿಂದ ಹಳೇ ಸಿಆರ್‌ಪಿಸಿ ಜಾಗದಲ್ಲಿ, ಅಂದರೆ ಬಂಧನ, ತನಿಖೆ ಹೇಗೆ ನಡೆಯಬೇಕು ಅನ್ನುವ ಕಾನೂನಿನ ಜಾಗದಲ್ಲಿ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. ಅದರ ಪ್ರಕಾರ ಆರೋಪಿಯನ್ನು ಬಂಧಿಸದೆ ವಿಚಾರಣೆಗೆ ಕರೆಯಬೇಕಾದರೆ ಸೆಕ್ಷನ್ 35(3)ರಲ್ಲಿ ನೋಟಿಸ್ ಕೊಡಬೇಕು. ಅಂಥ ನೋಟಿಸಿನಲ್ಲಿ ಅಪರಾಧ ಸಂಖ್ಯೆ ಇರಬೇಕು, ಎಫ್‌ಐಆರ್ ಪ್ರತಿ ಜೊತೆಗಿರಬೇಕು ಅಂತ 2024ರಲ್ಲಿ ನಮ್ಮ ಹೈಕೋರ್ಟೇ ಹೇಳಿದೆ. ವಾಟ್ಸಾಪಿನಲ್ಲಿ ಕಳಿಸಿದರೆ ಆಗುವುದಿಲ್ಲ ಅಂತ 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟೂ ಹೇಳಿತು. ಸಾಕ್ಷಿಯಾಗಿ ಕರೆಯುವುದಾದರೆ ಸೆಕ್ಷನ್ 179, ಅದಕ್ಕೂ ಬರಹದ ಆದೇಶ ಬೇಕು. ಇದೇ 179ರಲ್ಲಿ ಇನ್ನೊಂದು ಮಾತಿದೆ. 60 ದಾಟಿದ ಗಂಡಸರು, 15 ವರ್ಷದೊಳಗಿನ ಹುಡುಗರು, ಹೆಂಗಸರು, ಅಂಗವಿಕಲರು, ತೀವ್ರ ಕಾಯಿಲೆಯವರು, ಇವರನ್ನು ಅವರ ಮನೆ ಬಿಟ್ಟು ಬೇರೆಡೆಗೆ ಬಾ ಅನ್ನುವ ಹಾಗಿಲ್ಲ. ಅವರಾಗಿಯೇ ಬರ್ತೀವಿ ಅಂದರೆ ಬೇರೆ ಮಾತು. ಹಳೇ ಕಾನೂನಿನಲ್ಲಿ ಗಂಡಸರ ವಯಸ್ಸು 65 ಇತ್ತು, ಈಗ 60. ಕರೆಸಬಾರದು ಅಂತ ಕಾನೂನು ಹೇಳಿದ ವ್ಯಕ್ತಿಯನ್ನು ಗೊತ್ತಿದ್ದೂ ಕರೆಸಿಕೊಂಡ ಸರ್ಕಾರಿ ನೌಕರನಿಗೆ, ಹಳೇ ಐಪಿಸಿ ಜಾಗಕ್ಕೆ ಬಂದ ಭಾರತೀಯ ನ್ಯಾಯ ಸಂಹಿತೆಯ ಸೆಕ್ಷನ್ 199ರಲ್ಲಿ ಆರು ತಿಂಗಳಿಂದ ಎರಡು ವರ್ಷದವರೆಗೆ ಕಠಿಣ ಸಜೆ ಇದೆ. ಅಂದರೆ ನಮ್ಮಪ್ಪನನ್ನು ಕೂರಿಸಿದ್ದು ಸುಮ್ನೆ ದರ್ಪದ ಮಾತಲ್ಲ.

ಮುಚ್ಚಳಿಕೆ ವಿಷಯಕ್ಕೆ ಮೇಡಂ ನಕ್ಕುಬಿಟ್ಟರು. ಶಾಂತಿ ಕಾಪಾಡಲು ಬಾಂಡ್ ಬರೆಸಿಕೊಳ್ಳುವ ಅಧಿಕಾರ ಇರುವುದು ತಹಶೀಲ್ದಾರರಂಥ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರಿಗೆ, ಅದೂ ಷೋಕಾಸ್ ನೋಟಿಸ್ ಕೊಟ್ಟು ನಮ್ಮ ಮಾತು ಕೇಳಿದ ಮೇಲೆ. ಮಳಿಗೆ ಖಾಲಿ ಮಾಡಿಸುವ ಅಧಿಕಾರ ಎಸ್‌ಐಗೂ ಇಲ್ಲ, ಎಸ್ಪಿಗೂ ಇಲ್ಲ. ತನಿಖೆಯಲ್ಲಿ ಕೊಟ್ಟ ಹೇಳಿಕೆಗೆ ಕೂಡ ನಮ್ಮ ಸಹಿ ಹಾಕಿಸಿಕೊಳ್ಳಬಾರದು ಅಂತ ಕಾನೂನಿದೆ, ಗೊತ್ತಿತ್ತಾ? ನನಗೆ ಗೊತ್ತಿರಲಿಲ್ಲ.

ಮೊದಲ ಕೆಲಸವಾಗಿ ಠಾಣಾಧಿಕಾರಿಗೆ ಒಂದು ಪತ್ರ. ಟೈಪ್ ಮಾಡಿದವನು ನಾನೇ. ಊರಿನವರ ಅರ್ಜಿಗಳನ್ನು ದಿನಾ ಟೈಪ್ ಮಾಡುವ ಕೈ ಅಲ್ವಾ, ರೂಢಿಯಂತೆ ‘ತಮ್ಮಲ್ಲಿ ಕೈಮುಗಿದು ಬೇಡಿಕೊಳ್ಳುತ್ತೇನೆ’ ಅಂತ ಮುಗಿಸಿದ್ದೆ. ಮೇಡಂ ಅದನ್ನು ಹೊಡೆದು ಹಾಕಿದರು. ಕೊನೆಗೆ ಉಳಿದದ್ದು ಇಷ್ಟು: ‘ಸದರಿ ಅರ್ಜಿಯ ವಿಚಾರವಾಗಿ ನನ್ನನ್ನು ದೂರವಾಣಿ ಮೂಲಕ ಪದೇ ಪದೇ ಠಾಣೆಗೆ ಕರೆಸಲಾಗುತ್ತಿದೆ. ಅರ್ಜಿಯ ಪ್ರತಿಯನ್ನಾಗಲಿ ಲಿಖಿತ ನೋಟಿಸನ್ನಾಗಲಿ ಈವರೆಗೆ ನೀಡಿರುವುದಿಲ್ಲ. ನನ್ನ ಮೊಬೈಲನ್ನು ಮಹಜರು, ರಸೀದಿ ಇಲ್ಲದೆ ಇರಿಸಿಕೊಳ್ಳಲಾಗಿದೆ. ಕಾನೂನು ರೀತ್ಯಾ ನೋಟಿಸ್ ನೀಡಿದಲ್ಲಿ ನನ್ನ ವಕೀಲರೊಂದಿಗೆ ಹಾಜರಾಗಿ ಪೂರ್ಣ ಸಹಕಾರ ನೀಡಲು ಸಿದ್ಧನಿದ್ದೇನೆ.’ ಆ ಕೊನೆಯ ವಾಕ್ಯ ಬಹಳ ಮುಖ್ಯ ಅಂದರು. ಬರಲ್ಲ ಅಂತ ಬರೆದರೆ ನಾಳೆ ‘ಸಹಕರಿಸುತ್ತಿಲ್ಲ’ ಅಂತ ಅವರ ಕೈಗೆ ಒಂದು ನೆಪ ಸಿಗುತ್ತದೆ.

ಠಾಣೆಯಲ್ಲಿ ತೆಗೆದುಕೊಳ್ಳಲಿಲ್ಲ, ಸೀಲ್ ಹಾಕಿ ಕೊಡುವುದಂತೂ ದೂರದ ಮಾತು. ಸ್ಪೀಡ್ ಪೋಸ್ಟ್ ಮಾಡಿದೆವು. ಎಸ್ಪಿಗೂ ಡಿವೈಎಸ್ಪಿಗೂ ಒಂದೊಂದು ಪ್ರತಿ, ಜೊತೆಗೆ ಇಮೇಲ್. ತಲುಪಿದ ವಿವರವನ್ನು ಅಂಚೆ ವೆಬ್‌ಸೈಟಿನಿಂದ ಪ್ರಿಂಟ್ ತೆಗೆದು ಫೈಲಿಗೆ ಹಾಕಿದೆ. ಅಲ್ಲಿಂದ ಮುಂದೆ ಫೋನ್ ಬಂದಾಗಲೆಲ್ಲ ಒಂದೇ ಮಾತು. ‘ನೋಟಿಸ್ ಕೊಡಿ ಸಾರ್, ಬರ್ತೀನಿ.’ ಮೊದಲ ಸಲ ಹೇಳುವಾಗ ಗಂಟಲು ಒಣಗಿತ್ತು. ‘ಏನೋ, ಲಾಯರ್ ಆಗ್ಬಿಟ್ಯಾ?’ ಅಂದರು ಆ ಕಡೆಯಿಂದ. ಜೀಪು ಮಾತ್ರ ಬರಲಿಲ್ಲ.

ಸಾಕ್ಷ್ಯದ ಬಗ್ಗೆ ಒಂದು ಮಾತು. ಕೂರಿಸಿದ್ದಕ್ಕೆ ಗಾಯ ಇರುವುದಿಲ್ಲ. ಏಟು ಬಿದ್ದಿದ್ದರೆ ಸರ್ಕಾರಿ ಆಸ್ಪತ್ರೆಗೆ ಹೋಗಿ ಎಂಎಲ್‌ಸಿ (ಏಟಿನ ಕೇಸಿಗೆ ಆಸ್ಪತ್ರೆಯವರು ಬರೆಯುವ ಕಾನೂನು ದಾಖಲೆ) ಮಾಡಿಸಿ, ಪೊಲೀಸರೇ ಹೊಡೆದದ್ದು ಅಂತ ಡಾಕ್ಟರ ಹತ್ತಿರ ಬರೆಸಬಹುದು. ನಮ್ಮಂಥವರಿಗೆ ಕಾಲ್ ಹಿಸ್ಟರಿಯೇ ಗಾಯ. ಹೆಂಡತಿಯ ಫೋನಿಗೆ ಸಿಮ್ ಬದಲಾಯಿಸಿಕೊಂಡ ಮೇಲೆ ಬಂದ ಕರೆಗಳ ಸ್ಕ್ರೀನ್‌ಷಾಟ್ ಇಟ್ಟೆವು. ಯಾವ ದಿನ, ಎಷ್ಟು ಹೊತ್ತಿಗೆ, ಯಾರು ಕರೆದರು, ಯಾರು ನೋಡಿದರು ಅಂತ ನೋಟ್‌ಬುಕ್ಕಿನಲ್ಲಿ ಬರೆದೆ. ಊಟ ತಂದುಕೊಟ್ಟ ಹೋಟೆಲ್ ಹುಡುಗನ ಹೆಸರೂ ಅದರಲ್ಲಿದೆ. ಸ್ಕ್ರೀನ್‌ಷಾಟ್, ರೆಕಾರ್ಡಿಂಗ್ ಕೋರ್ಟಿಗೆ ಕೊಡುವಾಗ ಹೊಸ ಭಾರತೀಯ ಸಾಕ್ಷ್ಯ ಅಧಿನಿಯಮದ ಸೆಕ್ಷನ್ 63ರ ಪ್ರಮಾಣಪತ್ರ ಬೇಕು, ಆದ್ದರಿಂದ ಮೂಲ ಫೋನನ್ನು ಮಾರಬಾರದು, ಫಾರ್ಮ್ಯಾಟ್ ಮಾಡಬಾರದು.

ಇನ್ನು ದೂರು ಹೇಳಿಕೊಳ್ಳಲು ತಟ್ಟಬಹುದಾದ ಬಾಗಿಲುಗಳ ವಿಷಯ. ಎಸ್ಪಿಗೆ ಕೊಟ್ಟ ದೂರು ಡಿವೈಎಸ್ಪಿಗೆ ಬಂತು. ಡಿವೈಎಸ್ಪಿ ಕಚೇರಿಯಿಂದ ವಿಚಾರಣೆಗೆ ಹಾಜರಾಗಲು ನನಗೆ ಬರಹದ ನೋಟಿಸ್ ಬಂತು. ಈ ಇಡೀ ವ್ಯವಹಾರದಲ್ಲಿ ಪೊಲೀಸರಿಂದ ನನ್ನ ಕೈ ಸೇರಿದ ಮೊದಲ ಕಾಗದ! ಅಲ್ಲಿ ಮರ್ಯಾದೆಯಿಂದಲೇ ಮಾತಾಡಿಸಿದರು. ‘ಕೂತ್ಕೊಳ್ಳಿ’ ಅಂದರು, ಕುರ್ಚಿ ಕೊಟ್ಟರು. ಹೇಳಿಕೆ ಕೊಟ್ಟೆ, ಪ್ರತಿ ಕೇಳಿದೆ, ಕೊಡಲಿಲ್ಲ. ಅದೇ ವಾರ ಠಾಣೆಯಿಂದ ಫೋನ್ ವಾಪಸ್ ಬಂತು. ಸಹಿ ಇಲ್ಲ, ರಸೀದಿ ಇಲ್ಲ, ಒಬ್ಬ ಪೇದೆ ಅಂಗಡಿಗೇ ತಂದು ಕೌಂಟರ್ ಮೇಲಿಟ್ಟು ಹೋದರು. ಕೆಲವು ತಿಂಗಳ ನಂತರ ಹಿಂಬರಹ, ಅಂದರೆ ದೂರಿಗೆ ಬರಹದ ಉತ್ತರ, ಬಂತು: ವಿಷಯ ಸಿವಿಲ್ ಸ್ವರೂಪದ್ದು, ಉಭಯ ಪಕ್ಷಗಾರರಿಗೆ ನ್ಯಾಯಾಲಯದಲ್ಲಿ ಪರಿಹರಿಸಿಕೊಳ್ಳಲು ತಿಳಿವಳಿಕೆ ನೀಡಲಾಗಿದೆ, ಸಿಬ್ಬಂದಿ ಮೇಲಿನ ಆರೋಪಕ್ಕೆ ಸಾಕ್ಷ್ಯಾಧಾರ ಕಂಡುಬಂದಿರುವುದಿಲ್ಲ. ಹೋಟೆಲ್ ಹುಡುಗನನ್ನು ಯಾರೂ ಕೇಳಿಯೇ ಇರಲಿಲ್ಲ.

ಪೊಲೀಸರ ಮೇಲಿನ ದೂರನ್ನು ಪೊಲೀಸರೇ ವಿಚಾರಿಸಿದರೆ ಹೀಗೇ ಆಗುತ್ತದೆ ಅಂತ ಸುಪ್ರೀಂ ಕೋರ್ಟಿಗೂ ಗೊತ್ತಿತ್ತು. 2006ರ ಪ್ರಕಾಶ್ ಸಿಂಗ್ ತೀರ್ಪಿನಲ್ಲಿ ಪ್ರತಿ ರಾಜ್ಯದಲ್ಲೂ ಪೊಲೀಸ್ ದೂರು ಪ್ರಾಧಿಕಾರ ಇರಬೇಕು ಅಂತ ಹೇಳಿತು. ಎಸ್ಪಿ ಮತ್ತು ಮೇಲಿನವರ ವಿರುದ್ಧ ರಾಜ್ಯ ಮಟ್ಟದಲ್ಲಿ, ಡಿವೈಎಸ್ಪಿವರೆಗಿನವರ ವಿರುದ್ಧ ಜಿಲ್ಲಾ ಮಟ್ಟದಲ್ಲಿ. ಜಿಲ್ಲೆಯದಕ್ಕೆ ನಿವೃತ್ತ ಜಿಲ್ಲಾ ನ್ಯಾಯಾಧೀಶರು ಮುಖ್ಯಸ್ಥರು, ಪ್ರಾಧಿಕಾರದ ಶಿಫಾರಸು ಸರ್ಕಾರಕ್ಕೆ ಕಡ್ಡಾಯ. ಕರ್ನಾಟಕ 2012ರಲ್ಲಿ ಪೊಲೀಸ್ ಕಾಯ್ದೆಗೆ ತಿದ್ದುಪಡಿ ತಂದು ಪ್ರಾಧಿಕಾರ ಸೇರಿಸಿತು. ನಮ್ಮ ಜಿಲ್ಲಾ ಕೇಂದ್ರದಲ್ಲಿ ಅದರ ಅರ್ಜಿ ಎಲ್ಲಿ ಕೊಡಬೇಕು ಅಂತ ಕೇಳಿಕೊಂಡು ಹೋದರೆ ಒಬ್ಬ ಗುಮಾಸ್ತರು ಇನ್ನೊಬ್ಬರನ್ನು ತೋರಿಸಿದರು, ಅವರು ಮೊದಲನೆಯವರನ್ನೇ ತೋರಿಸಿದರು. ಬೋರ್ಡಿಲ್ಲ, ನಮೂನೆಯಿಲ್ಲ. ಕೊನೆಗೆ ಟಪಾಲಿನಲ್ಲಿ ಕೊಟ್ಟು ಸ್ವೀಕೃತಿ ತೆಗೆದುಕೊಂಡೆ. ಇವತ್ತಿನವರೆಗೆ ಅಲ್ಲಿಂದ ಒಂದು ಪತ್ರ ಬಂದಿಲ್ಲ. ಇದ್ದೂ ಇಲ್ಲದ ಬಾಗಿಲು ಅದು. ನಿಮ್ಮ ಜಿಲ್ಲೆಯಲ್ಲಿ ಬೇರೆ ಥರ ಇದ್ದರೆ ನಿಮ್ಮ ಪುಣ್ಯ.

ರಾಜ್ಯ ಮಾನವ ಹಕ್ಕುಗಳ ಆಯೋಗದ ಅನುಭವ ಇದಕ್ಕಿಂತ ವಾಸಿ. ಆಯೋಗ ಇರುವುದು ಬೆಂಗಳೂರಿನ ಎಂ.ಎಸ್. ಬಿಲ್ಡಿಂಗಿನಲ್ಲಿ, ವಿಧಾನಸೌಧದ ಹತ್ತಿರ. ಶುಲ್ಕ ಇಲ್ಲ, ವಕೀಲರು ಬೇಕಿಲ್ಲ, ಕನ್ನಡದಲ್ಲೇ ಬರೆದು ಅಂಚೆಯಲ್ಲೂ ಕಳಿಸಬಹುದು. ಘಟನೆ ನಡೆದ ಒಂದು ವರ್ಷದೊಳಗೆ ಕೊಡಬೇಕು, ಅದೊಂದು ಗಡುವು ನೆನಪಿರಲಿ. ಇನ್ನೊಂದು ಆಯೋಗದ ಮುಂದೆ ಅದೇ ವಿಷಯ ಇದ್ದರೆ ಇವರು ಕೈ ಹಾಕುವುದಿಲ್ಲ, ಹಾಗಾಗಿ ದೆಹಲಿಯ ರಾಷ್ಟ್ರೀಯ ಆಯೋಗಕ್ಕೂ ಬೆಂಗಳೂರಿಗೂ ಒಟ್ಟಿಗೆ ಬರೆಯುವುದು ಜಾಣತನ ಅಲ್ಲ. ದೂರಿನಲ್ಲಿ ಅಂಗಡಿ ಜಗಳದ ಕಥೆ ಎರಡೇ ಸಾಲು ಇರಲಿ ಅಂತ ಮೇಡಂ ಹೇಳಿದ್ದರು. ಅದೇ ಜಾಸ್ತಿ ಆದರೆ ‘ಸಿವಿಲ್ ವ್ಯಾಜ್ಯ’ ಅಂತ ಪಕ್ಕಕ್ಕಿಡುತ್ತಾರೆ. ಕರೆಸಿದ್ದು, ಕೂರಿಸಿದ್ದು, ಫೋನ್ ಇಟ್ಟುಕೊಂಡದ್ದು, ಅಪ್ಪನನ್ನು ಕರೆಸಿದ್ದು, ಇವೇ ಮುಖ್ಯ. ಹಾಗೇ ಬರೆದೆ. ಆಯೋಗದಿಂದ ನಂಬರ್ ಹಾಕಿದ ಪತ್ರ ಬಂತು, ಎಸ್ಪಿಯಿಂದ ವರದಿ ಕೇಳಿದ್ದೇವೆ ಅಂತ. ಆಯೋಗಕ್ಕೆ ಶಿಕ್ಷೆ ಕೊಡುವ ಅಧಿಕಾರ ಇಲ್ಲ. ಪರಿಹಾರ ಕೊಡಿ, ಕ್ರಮ ತೆಗೆದುಕೊಳ್ಳಿ ಅಂತ ಸರ್ಕಾರಕ್ಕೆ ಶಿಫಾರಸು ಮಾಡಬಹುದು, ಅಷ್ಟೇ. ಆದರೆ ವರದಿ ಕೇಳಿದ ಕಾಗದ ಮೇಲಿನಿಂದ ಠಾಣೆವರೆಗೆ ಇಳಿಯುವಾಗ ಪ್ರತಿ ಟೇಬಲ್ಲಿನಲ್ಲೂ ಒಬ್ಬರು ಅದನ್ನು ಓದಲೇಬೇಕು. ನನ್ನ ಮಟ್ಟಿಗೆ ಅದರ ಬಲವೇ ಅದು.

ಲೋಕಾಯುಕ್ತಕ್ಕೆ ಹೋಗಲಿಲ್ಲ. ‘ಸಾಹೇಬ್ರನ್ನ ಸ್ವಲ್ಪ ನೋಡ್ಕೋ’ ಅಂತ ಠಾಣೆಯಲ್ಲಿ ಒಬ್ಬರು ಕಿವಿಯಲ್ಲಿ ಊದಿದ್ದು ನಿಜ. ಆದರೆ ಮೊತ್ತ ಹೇಳಿರಲಿಲ್ಲ, ರೆಕಾರ್ಡಿಂಗ್ ಇರಲಿಲ್ಲ. ಲಂಚ ಕೇಳಿದ್ದು ಸ್ಪಷ್ಟವಾಗಿದ್ದರೆ ಲೋಕಾಯುಕ್ತ ಪೊಲೀಸರೇ ಸರಿ. 2022ರ ಆಗಸ್ಟಿನಲ್ಲಿ ಹೈಕೋರ್ಟ್ ಎಸಿಬಿಯನ್ನು, ಅಂದರೆ ಭ್ರಷ್ಟಾಚಾರ ನಿಗ್ರಹ ದಳವನ್ನು, ರದ್ದು ಮಾಡಿದ ಮೇಲೆ ಆ ಅಧಿಕಾರ ಮತ್ತೆ ಅವರಿಗೇ ಬಂದಿದೆ.

ಎಸ್‌ಐ ಮೇಲೆ ಖಾಸಗಿ ದೂರು, ಅಂದರೆ ಪಿಸಿಆರ್ ಹಾಕೋಣ ಅಂತ ನನಗೆ ಬಹಳ ಆಸೆ ಇತ್ತು. ಮೇಡಂ ತಡೆದರು. ಠಾಣೆಯಲ್ಲಿ ಎಫ್‌ಐಆರ್ ಮಾಡದಿದ್ದರೆ ಎಸ್ಪಿಗೆ ಬರಹದಲ್ಲಿ ಕಳಿಸಿ, ಆಮೇಲೆ ಮ್ಯಾಜಿಸ್ಟ್ರೇಟರ ಹತ್ತಿರ ಹೋಗಬಹುದು, ಆ ದಾರಿ ಇದೆ. ಆದರೆ ಹೊಸ ಸಂಹಿತೆಯಲ್ಲಿ ಸರ್ಕಾರಿ ನೌಕರ ಕರ್ತವ್ಯದ ವೇಳೆ ಮಾಡಿದ ಕೆಲಸದ ಮೇಲೆ ದೂರು ಬಂದರೆ, ಮ್ಯಾಜಿಸ್ಟ್ರೇಟರು ತನಿಖೆಗೆ ಹೇಳುವ ಮೊದಲು ಮೇಲಧಿಕಾರಿಯ ವರದಿ ನೋಡಬೇಕು, ಆ ನೌಕರನ ಮಾತನ್ನೂ ಪರಿಗಣಿಸಬೇಕು. ಅದರ ಮೇಲೆ ಸರ್ಕಾರದ ಪೂರ್ವಾನುಮತಿಯ ಪ್ರಶ್ನೆ. ಅಂಥದ್ದೇ ಅನುಮತಿ ಕೇಳುವ ಕರ್ನಾಟಕ ಪೊಲೀಸ್ ಕಾಯ್ದೆಯ ಸೆಕ್ಷನ್ 170 ಬೇರೆ ಇದೆ. 2020ರಲ್ಲಿ ನಮ್ಮ ರಾಜ್ಯದಿಂದಲೇ ಹೋದ ಪ್ರಕರಣವೊಂದರಲ್ಲಿ, ಕರ್ತವ್ಯದ ಮಿತಿ ಮೀರಿದ್ದರೂ ಅದಕ್ಕೂ ಕರ್ತವ್ಯಕ್ಕೂ ಸಂಬಂಧ ಇದ್ದರೆ ಅನುಮತಿ ಬೇಕೇ ಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿತು. ಅನುಮತಿ ಕೇಳಿದರೆ 120 ದಿನದಲ್ಲಿ ಸರ್ಕಾರ ತೀರ್ಮಾನಿಸಬೇಕು, ಇಲ್ಲದಿದ್ದರೆ ಕೊಟ್ಟಂತೆಯೇ ಅಂತ ಹೊಸ ಸಂಹಿತೆ ಹೇಳುತ್ತದೆ, ಅದೊಂದು ಸಮಾಧಾನ. ಆದರೂ ನಾನು ಜೆರಾಕ್ಸ್ ಅಂಗಡಿಯವನು. ಅಷ್ಟು ದೂರ ಓಡಲು ದಮ್ಮು ಬೇಕು. ನನಗೆ ಆಗ ಬೇಕಿದ್ದದ್ದು ಕರೆ ನಿಲ್ಲುವುದು.

ಅದಕ್ಕೆ ರಿಟ್ ಅರ್ಜಿ, ಅಂದರೆ ಹಕ್ಕಿಗೆ ಧಕ್ಕೆಯಾದಾಗ ನೇರ ಹೈಕೋರ್ಟಿಗೇ ಹಾಕುವ ಅರ್ಜಿ. ಡಿವೈಎಸ್ಪಿ ವಿಚಾರಣೆ ನಡೆಯುತ್ತಿದ್ದಾಗಲೇ ಮತ್ತೊಮ್ಮೆ ಠಾಣೆಯಿಂದ ಕರೆ ಬಂತು, ಈ ಸಲ ನನ್ನ ಹೆಂಡತಿಗೆ. ಮೇಡಂ ತಡಮಾಡಲಿಲ್ಲ. ಬೆಂಗಳೂರಿನ ತಮ್ಮ ಗೆಳತಿಯೊಬ್ಬರ ಮೂಲಕ ಸಂವಿಧಾನದ 226ನೇ ವಿಧಿಯಲ್ಲಿ ಹೈಕೋರ್ಟಿಗೆ ಹಾಕಿಸಿದರು. ನಮ್ಮ ಹೈಕೋರ್ಟಿನಲ್ಲಿ ಇಂಥ ಅರ್ಜಿಗಳ ಮುಂದೆ ‘ಜಿಎಂ ಪೊಲೀಸ್’ ಅಂತ ಬರೆದಿರುತ್ತದೆ. ಉತ್ತರ ಕರ್ನಾಟಕದವರಿಗೆ ಧಾರವಾಡ, ಕಲಬುರಗಿ ಪೀಠಗಳಿವೆ, ಬೆಂಗಳೂರಿಗೆ ಬರಬೇಕಿಲ್ಲ. ನನ್ನ ಫೈಲಿನಲ್ಲಿ ಆಗಲೇ ಪತ್ರ, ಅಂಚೆ ವಿವರ, ಕರೆ ಪಟ್ಟಿ, ಅಪ್ಪನ ಆಧಾರ್, ಬಾಡಿಗೆ ಕಟ್ಟಿದ ಬ್ಯಾಂಕ್ ಸ್ಟೇಟ್‌ಮೆಂಟ್ ಎಲ್ಲ ಇತ್ತು. ‘ನಿಮ್ಮ ಕಕ್ಷಿದಾರರು ಫೈಲ್ ಚೆನ್ನಾಗಿ ಜೋಡಿಸಿದಾರೆ’ ಅಂತ ಬೆಂಗಳೂರಿನ ವಕೀಲರು ಹೇಳಿದರಂತೆ. ಅದು ನನ್ನ ದಿನದ ಕಸುಬು, ಬಿಡಿ.

ಹೈಕೋರ್ಟು ಅಂದರೆ ದೊಡ್ಡ ವಾದ ನಡೆಯುತ್ತದೆ ಅಂದುಕೊಂಡು ಇಸ್ತ್ರಿ ಅಂಗಿ ಹಾಕಿಕೊಂಡು ಹೋಗಿದ್ದೆ. ನಮ್ಮ ಸರದಿ ಬಂದು ಹೋದದ್ದು ಐದು ನಿಮಿಷವೂ ಇರಲಾರದು. ಸರ್ಕಾರಿ ವಕೀಲರು ನೋಟಿಸ್ ಪಡೆದು ಠಾಣೆಯಿಂದ ಮಾಹಿತಿ ತರಿಸಿದ್ದರು. ಮಾಲೀಕರು ಠಾಣೆಗೆ ಕೊಟ್ಟ ಅರ್ಜಿ ಮುಕ್ತಾಯ ಮಾಡಿದ್ದೇವೆ, ಕಾನೂನು ಪ್ರಕಾರ ಅಲ್ಲದೆ ಅರ್ಜಿದಾರರನ್ನಾಗಲಿ ಮನೆಯವರನ್ನಾಗಲಿ ಕರೆಸುವುದಿಲ್ಲ ಅಂದರು. ನ್ಯಾಯಮೂರ್ತಿಗಳು ಆ ಮಾತನ್ನು ದಾಖಲಿಸಿಕೊಂಡರು. ಸಿವಿಲ್ ವ್ಯಾಜ್ಯದಲ್ಲಿ ಪೊಲೀಸರು ತಲೆ ಹಾಕಬಾರದು ಅಂತ ಒಂದು ಸಾಲು ಸೇರಿಸಿ ಅರ್ಜಿ ಇತ್ಯರ್ಥ ಮಾಡಿದರು. ಪರಿಹಾರ ಇಲ್ಲ, ಎಸ್‌ಐಗೆ ಛೀಮಾರಿ ಇಲ್ಲ. ನನಗೆ ಆಗ ಪೆಚ್ಚೆನಿಸಿತು. ಮೇಡಂ ಮಾತ್ರ ಖುಷಿಯಾಗಿದ್ದರು. ‘ಇನ್ಮೇಲೆ ಬಾಯಲ್ಲಿ ಕರೆದರೆ ನ್ಯಾಯಾಂಗ ನಿಂದನೆಗೆ ಹೋಗ್ಬಹುದು ಕಣ್ರೀ, ಗೊತ್ತಾಯ್ತಾ?’ ಗೊತ್ತಾಯಿತು. ಆದೇಶದ ಪ್ರತಿ ಠಾಣೆಗೆ ತಲುಪಿದ ಮೇಲೆ ಇವತ್ತಿನವರೆಗೆ ಒಂದು ಕರೆ ಬಂದಿಲ್ಲ.

ಪರಿಹಾರದ ಬಗ್ಗೆ ಕೇಳಿದೆ. ಪೊಲೀಸ್ ವಶದಲ್ಲಿ ಸತ್ತ ಯುವಕನ ತಾಯಿಗೆ ಸರ್ಕಾರ ಹಣ ಕೊಡಬೇಕು ಅಂತ 1993ರಲ್ಲೇ ನೀಲಬತಿ ಬೆಹೆರಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಮೂಲಭೂತ ಹಕ್ಕಿಗೆ ಧಕ್ಕೆಯಾದರೆ ರಿಟ್‌ನಲ್ಲೇ ಪರಿಹಾರ ಕೊಡಬಹುದು. ಆದರೆ ಬೆಂಚಿನ ಮೇಲೆ ಕೂತದ್ದನ್ನು ಅವರು ಅಲ್ಲಗಳೆದರೆ ಸಾಬೀತು ಮಾಡಬೇಕು, ಹೈಕೋರ್ಟಿನಲ್ಲಿ ಸಾಕ್ಷಿ ವಿಚಾರಣೆ ನಡೆಸುವುದಿಲ್ಲ ಅಂದರು. ಖರ್ಚಿನ ಮಾತೂ ಬಂತು. ಹೆಂಗಸರು, ಪರಿಶಿಷ್ಟರು, ಅಂಗವಿಕಲರು, ವಶದಲ್ಲಿರುವವರು, ಕಡಿಮೆ ಆದಾಯದವರು ಕಾನೂನು ಸೇವಾ ಪ್ರಾಧಿಕಾರದಿಂದ ಪುಕ್ಕಟೆ ವಕೀಲರನ್ನು ಪಡೆಯಬಹುದು. ಪ್ರತಿ ತಾಲ್ಲೂಕು ಕೋರ್ಟಿನಲ್ಲೂ ಸಮಿತಿ ಇದೆ, ಸಹಾಯವಾಣಿ 15100. ನಾನು ಆ ಲೆಕ್ಕಕ್ಕೆ ಬರುತ್ತಿರಲಿಲ್ಲ, ಕಂತಿನಲ್ಲಿ ಫೀಸು ಕೊಟ್ಟೆ.

ಮಾಲೀಕರ ವಿರುದ್ಧ ನಮ್ಮೂರ ಸಿವಿಲ್ ಕೋರ್ಟಿನಲ್ಲಿ ತಾತ್ಕಾಲಿಕ ತಡೆಯಾಜ್ಞೆಯೂ ಸಿಕ್ಕಿತು, ಕಾನೂನು ಕ್ರಮ ಇಲ್ಲದೆ ಖಾಲಿ ಮಾಡಿಸಬಾರದು ಅಂತ. ಅಕಸ್ಮಾತ್ ರಾತ್ರೋರಾತ್ರಿ ಬೀಗ ಹಾಕಿಬಿಟ್ಟಿದ್ದರೂ, ನಿರ್ದಿಷ್ಟ ಪರಿಹಾರ ಕಾಯ್ದೆಯ ಸೆಕ್ಷನ್ 6ರಲ್ಲಿ ಆರು ತಿಂಗಳೊಳಗೆ ದಾವೆ ಹಾಕಿ ಸ್ವಾಧೀನ ವಾಪಸ್ ಕೇಳಬಹುದಿತ್ತು. ಅವರು ಈಗ ಸರಿಯಾದ ದಾರಿಯಲ್ಲೇ, ಖಾಲಿ ಮಾಡಿಸಲು ದಾವೆ ಹಾಕಿದ್ದಾರೆ. ಅದರಲ್ಲಿ ನಾನು ಸೋಲಲೂಬಹುದು. ಅದಕ್ಕೆ ಬೇಸರ ಇಲ್ಲ, ಕೋರ್ಟು ಹೇಳಿದರೆ ಬಿಡಬೇಕಾದದ್ದೇ.

ಎಸ್‌ಐ ವರ್ಗಾವಣೆಯಾಗಿ ಹೋದರು, ನನ್ನ ದೂರಿನಿಂದಲ್ಲ, ಎಲ್ಲರ ಜೊತೆ ಮಾಮೂಲಿ ವರ್ಗಾವಣೆ. ರೈಟರ್ ಈಗಲೂ ನನ್ನ ಅಂಗಡಿಗೇ ಜೆರಾಕ್ಸಿಗೆ ಬರುತ್ತಾರೆ. ದುಡ್ಡು ಕೊಟ್ಟೇ ಹೋಗುತ್ತಾರೆ. ಬೀರು ಸರಿಸಿ ಬೋರ್ಡು ಪೂರ್ತಿ ಕಾಣುವ ಹಾಗೆ ಮಾಡಿದ್ದಾರಂತೆ, ಅವರೇ ಹೇಳಿದರು.

ಉಳಿದಿರುವುದು ಮಾಹಿತಿ ಹಕ್ಕಿನ ಅರ್ಜಿ. ಠಾಣೆಗಳಲ್ಲಿ ಸಿಸಿಟಿವಿ ಇರಬೇಕು, ದೃಶ್ಯ 18 ತಿಂಗಳು ಉಳಿಯಬೇಕು, ಅಷ್ಟು ಸಾಧ್ಯವಾಗದಿದ್ದರೂ ಒಂದು ವರ್ಷಕ್ಕಿಂತ ಕಡಿಮೆ ಇರಬಾರದು ಅಂತ 2020ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಅದನ್ನು ನಂಬಿ ಹತ್ತು ರೂಪಾಯಿಯ ಪೋಸ್ಟಲ್ ಆರ್ಡರ್ ಇಟ್ಟು, ನಮ್ಮ ರಾಜ್ಯದ ನಿಯಮದಂತೆ 150 ಪದದೊಳಗೆ, ಎರಡು ಅರ್ಜಿ ಹಾಕಿದ್ದೆ. ಒಂದು ದೃಶ್ಯಕ್ಕೆ, ಇನ್ನೊಂದು ಆ ದಿನಗಳ ಠಾಣಾ ದಿನಚರಿಗೆ, ಏಕೆಂದರೆ ಒಂದು ಅರ್ಜಿಯಲ್ಲಿ ಒಂದೇ ವಿಷಯ ಕೇಳಬೇಕು. ದೃಶ್ಯಕ್ಕೆ ‘ತಾಂತ್ರಿಕ ದೋಷದಿಂದ ಲಭ್ಯವಿಲ್ಲ’ ಅಂತ ಉತ್ತರ ಬಂತು. ದಿನಚರಿಯ ಪ್ರತಿ ಮೊದಲ ಮೇಲ್ಮನವಿ ಹಾಕಿದ ಮೇಲೆ ಸಿಕ್ಕಿತು. ಅದರಲ್ಲಿ ನನ್ನ ಹೆಸರು ಒಂದೇ ಒಂದು ದಿನ ಇದೆ, ‘ಉಭಯತ್ರರಿಗೂ ತಿಳಿವಳಿಕೆ ಹೇಳಿ ಕಳುಹಿಸಲಾಯಿತು’ ಅಂತ. ಅಪ್ಪನ ಹೆಸರು ಎಲ್ಲೂ ಇಲ್ಲ. ಅಪ್ಪನನ್ನು ಕರೆಸಿದ ದಿನ ಠಾಣೆಯ ನಂಬರಿನಿಂದ ಅವರ ಫೋನಿಗೆ ಬಂದ ಕರೆ ಮಾತ್ರ ನಮ್ಮ ಹತ್ತಿರ ಇದೆ.

ಮಾನವ ಹಕ್ಕುಗಳ ಆಯೋಗ ಎಸ್ಪಿ ಕಚೇರಿಯ ವರದಿಯ ಪ್ರತಿ ಕಳಿಸಿ, ಆಕ್ಷೇಪಣೆ ಇದ್ದರೆ ಸಲ್ಲಿಸಿ ಅಂದಿತ್ತು. ವರದಿಯಲ್ಲೂ ‘ಒಂದು ಬಾರಿ ಮಾತ್ರ’ ಅಂತಲೇ ಇದೆ. ದಿನಚರಿಯ ಪ್ರತಿ, ಕರೆ ಪಟ್ಟಿ, ಅಪ್ಪನ ಅಫಿಡವಿಟ್, ಹೋಟೆಲ್ ಹುಡುಗನ ಹೇಳಿಕೆ ಸೇರಿಸಿ ಆಕ್ಷೇಪಣೆ ಕಳಿಸಿದ್ದೇನೆ. ದೃಶ್ಯದ ಉತ್ತರದ ಮೇಲೆ ಮಾಹಿತಿ ಆಯೋಗಕ್ಕೆ ಎರಡನೇ ಮೇಲ್ಮನವಿ ಹೋಗಿದೆ. ಎರಡರದ್ದೂ ವಿಚಾರಣೆ ದಿನಾಂಕ ಇನ್ನೂ ಬಂದಿಲ್ಲ.